ಅಜ್ಜಿಗೆ ಸುರಿದ ನೀರು

ಚೈತ್ರದ ಒಂದು ಬೆಳಿಗ್ಗೆ, ಬಿಸಿಲು ಏರುವ ಮುಂಚೆ, ಗಾಡಿ ಕಟ್ಟಿ ಕಾಡೊಳಗಿನ ಹಾಳು ಗುಡಿಗೆ ಹೊರಟೆವು. ಪಟ್ಟಣದಲ್ಲಿ ಬೆಳೆದ ನನ್ನ ತಮ್ಮನ ಮಗ ವಿಬೋಲ್‌ಗೆ ಕೆಯೋ ಅವರ ಮಗಳು ಮಾಲಿಸ್‌ಳನ್ನು ಹೆಣ್ಣು ಕೇಳಲು ನಾನೂ ಅವನೂ ಅವರ ಊರಿಗೆ ಬಂದಿದ್ದೆವು. ಗುಡಿ ನೋಡೋಣವೆಂದು ಅವರೇ ಮಗಳೊಂದಿಗೆ ನಮ್ಮನ್ನು ಕರೆದೊಯ್ದರು.

ಗೋಡೆಗಳನ್ನೆಲ್ಲ ಮರದ ಬೇರು ನುಂಗಿತ್ತು. ವಿಬೋಲ್ ಮರೆಗೆ ಹೋಗಿ, ಬಳ್ಳಿ ಮುಚ್ಚಿದ ಕಲ್ಲೊಂದರ ಮೇಲೆ ಉಚ್ಚೆ ಹೊಯ್ದು ಬಂದ.

"ಅಪ್ಪಣೆ ಕೇಳ್ಕೊಂಡು ಕೂತ್ಯೇನಪ್ಪಾ?" ಎಂದರು ಕೆಯೋ.

"ಯಾರನ್ನ ಕೇಳ್ಲಿ ಮಾವ? ಇಲ್ಲಿರೋದು ಬರೀ ಹಲ್ಲಿಗಳು!" ಎಂದು ನಕ್ಕ.

ಕಾಡಿನಲ್ಲಿ ಉಚ್ಚೆಗೆ ಕೂರುವ ಮುಂಚೆ 'ಅಜ್ಜಿ, ಮಕ್ಕಳು ಕೇಳ್ಕೊತಾ ಇದೀವಿ' ಎನ್ನದವರು ನಮ್ಮಲ್ಲಿಲ್ಲ. ಕೆಯೋ ಹೋಗಿ ಬಳ್ಳಿ ಸರಿಸಿದರು. ಊರು ಕಾಯುವ ಅಜ್ಜಿಯ ಕಲ್ಲಿನ ಮುಖ ಒದ್ದೆಯಾಗಿತ್ತು.

ಅವರು ಬೈಯಲಿಲ್ಲ. ನಾವು ಕುಡಿಯಲೆಂದು ತಂದಿದ್ದ ಸೋರೆಬುರುಡೆಯ ನೀರಷ್ಟನ್ನೂ ಅಜ್ಜಿಯ ತಲೆಗೆ ಸುರಿದು ತೊಳೆದರು. "ಪಟ್ಟಣದ ಮಗು, ಅಜ್ಜಿ, ಹೊಟ್ಟೆಗೆ ಹಾಕ್ಕೊ" ಎಂದರು. ವಿಬೋಲ್‌ನ ಮುಖ ಕಪ್ಪಿಟ್ಟಿತು. ಮಾಲಿಸ್ ಅವನತ್ತ ತಿರುಗಲಿಲ್ಲ.

ಉರಿಬಿಸಿಲಲ್ಲಿ ಮರಳುವಾಗ ಯಾರೂ ಬಾಯಾರಿಕೆ ಎನ್ನಲಿಲ್ಲ. ಮನೆ ತಲುಪಿದಾಗ ಕೆಯೋ ಅವರ ಹೆಂಡತಿ ಮೊದಲು ನೀರು ಕೊಟ್ಟದ್ದು ವಿಬೋಲ್‌ಗೇ. ಅವನು ತಲೆ ತಗ್ಗಿಸಿ ಕುಡಿದ. ಹೆಣ್ಣಿನ ಮಾತೆತ್ತಲು ನನಗೆ ನಾಲಿಗೆ ಏಳಲಿಲ್ಲ. ಮರುದಿನ ನಸುಕಿನಲ್ಲಿ ನಾವಿಬ್ಬರೇ ನಮ್ಮೂರಿಗೆ ಹೊರಟೆವು.