ಹೊಟ್ಟೆಯೊಳಗಿನ ಉಪ್ಪು

ನನ್ನ ಮೊಮ್ಮಗಳು ಮೈತ್ರೇಯಿ ಮೀನಿನಲ್ಲಿ ಫೇಲಾದಳು. ಗಣಿತದಲ್ಲಾಗಿದ್ದರೆ ನಾಲ್ಕು ಜನರ ಮುಂದೆ ಹೇಳಿಕೊಳ್ಳಬಹುದಿತ್ತು. ಜಯನಗರದಲ್ಲಿ ಮೂರು ತಲೆಮಾರಿನಿಂದ ಈರುಳ್ಳಿಯನ್ನೂ ಪಂಚಾಂಗ ನೋಡಿಯೇ ಹೆಚ್ಚುವ ಮನೆತನ ನಮ್ಮದು. ನಾನು, ಅಂದರೆ ತಿರುಮಲೇಶ, ನಲವತ್ತು ವರ್ಷ ಮದುವೆ, ಮುಂಜಿ, ತಿಥಿಗಳಿಗೆ ಅಡುಗೆ ಮಾಡಿದವನು. ಇಂಥವನ ಮೊಮ್ಮಗಳು ಹೋಟೆಲ್ ಮ್ಯಾನೇಜ್‌ಮೆಂಟ್ ಸೇರಿ, ಇಡೀ ಮೀನನ್ನು ನಿಂಬೆಹಣ್ಣು, ಹಸಿ ಸೊಪ್ಪು ತುಂಬಿ ಬೇಯಿಸುವ ಪರೀಕ್ಷೆಯಲ್ಲಿ ಡುಮ್ಕಿ ಹೊಡೆದಳು.

ಕಾರಣ ಉಪ್ಪು. ಹುಡುಗಿ ಮೀನು ಬೇಯಿಸುತ್ತಾಳೆಯೇ ಹೊರತು ಬಾಯಿಗಿಡುವುದಿಲ್ಲ. ಪರೀಕ್ಷೆಯಲ್ಲಿ ಇನ್ನೊಬ್ಬರ ಕೈಲಿ ರುಚಿ ನೋಡಿಸುವಂತಿಲ್ಲ. ಅಂದಾಜಿನಲ್ಲಿ ಸುರಿದಿದ್ದಾಳೆ. ಪರೀಕ್ಷಕರು ಒಂದು ತುತ್ತು ತಿಂದು, ಮೂರು ಲೋಟ ನೀರು ಕುಡಿದು, "ಇದನ್ನ ಭರಣೀಲಿ ಹಾಕಿಡಮ್ಮ, ಒಂದು ವರ್ಷ ಕೆಡಲ್ಲ" ಎಂದರಂತೆ. ಇನ್ನೊಂದು ಅವಕಾಶವಿತ್ತು. ಅದೂ ಹೋದರೆ ವರ್ಷವೇ ಹೋದಂತೆ.

"ನಾಲಿಗೆ ಮೇಲೆ ಇಟ್ಕೊಂಡ್ರೆ ವಾಂತಿ ಬರತ್ತೆ ತಾತ. ರುಚಿ ನೋಡದೆ ಹೇಗ್ ಅಡುಗೆ ಮಾಡ್ಲಿ?" ಎಂದು ನನ್ನ ಮುಂದೆ ಕೂತು ಅತ್ತಳು.

ಮೂರು ವರ್ಷ ಅವಳು ಕಾಲೇಜಿನ ಮಾತೆತ್ತಿದರೆ ನಾನು ಎದ್ದು ಹೋಗುತ್ತಿದ್ದೆ. ಅವತ್ತು ಏಳದೆ ಕೂತೆ, ಪಾಪ ಎನಿಸಿತು. ನಿಜ ಹೇಳಬೇಕೆಂದರೆ, ಅದಕ್ಕಿಂತ ಹೆಚ್ಚಾಗಿ ಸಿಟ್ಟು ಬಂತು. ರುಚಿ ನೋಡದೆ ಅಡುಗೆ ಆಗದು ಎಂದು ಯಾರ ಮುಂದೆ ಹೇಳುತ್ತಿದ್ದಾಳೆ? ನೈವೇದ್ಯವಾಗಲಿ, ತಿಥಿಯ ಅಡುಗೆಯಾಗಲಿ, ಬಡಿಸುವ ಮುಂಚೆ ನಾವು ನಾಲಿಗೆಗೆ ಮುಟ್ಟಿಸುವವರಲ್ಲ. ಐನೂರು ಎಲೆಯ ಸಾರನ್ನು ಬರೀ ಮೂಗಿನ ಅಂದಾಜಿನ ಮೇಲೆ ಒಲೆಯಿಂದ ಇಳಿಸಿದ್ದೇನೆ. ಮೂಸಲೂಬಾರದು ಎಂದು ಶಾಸ್ತ್ರ ಹೇಳುತ್ತದೆ. ಆದರೆ ಆವಿ ತಾನಾಗಿ ಬಂದು ಮೂಗಿಗೆ ಹೊಕ್ಕರೆ ನಾನೇನು ಮಾಡಲಿ?

"ಅಳು ನಿಲ್ಸು. ಒಂದು ಸೋರೆಕಾಯಿ ತಗೊಂಡ್ ಬಾ" ಎಂದೆ.

ಸೋರೆಕಾಯಿಯೇ ನಮ್ಮ ಮೀನು. ಅದರ ಹೊಟ್ಟೆ ಸೀಳಿಸಿದೆ. ಸಬ್ಬಸಿಗೆ, ಕೊತ್ತಂಬರಿ, ಎರಡೆಳೆ ಪುದೀನ ತುಂಬಿಸಿದೆ. ನಿಂಬೆ ಬೇಡವೆಂದು ಹೇರಳೆಕಾಯಿ ಕೊಟ್ಟೆ. ಅದು ನಿಂಬೆಗೆ ದೊಡ್ಡಣ್ಣ, ಪರಿಮಳವೂ ಹೆಚ್ಚು, ಗತ್ತೂ ಹೆಚ್ಚು. ಬಾಳೆಲೆಯಲ್ಲಿ ಸುತ್ತಿ ಕಾವಲಿಯ ಮೇಲಿಟ್ಟು, ಅವಳ ಕಣ್ಣಿಗೆ ಟವೆಲ್ ಕಟ್ಟಿ, ಎಲೆ ಬಿಚ್ಚಿ ಆವಿ ಹಿಡಿಯಲು ಹೇಳಿದೆ. ಉಪ್ಪಿಲ್ಲದ ಆವಿಗೆ ಹಸಿ ವಾಸನೆ ಇರುತ್ತದೆ. ಉಪ್ಪು ಹಿಡಿದದ್ದರ ಆವಿ ದುಂಡಗೆ ಮೇಲೇಳುತ್ತದೆ. ಇದನ್ನು ಮಾತಿನಲ್ಲಿ ಹೇಳಲಾಗದು, ಮೂಗನ್ನೇ ಪಳಗಿಸಬೇಕು. ಯಾವ ಪೊಟ್ಟಣದಲ್ಲಿ ಉಪ್ಪಿದೆ, ಯಾವುದರಲ್ಲಿ ಇಲ್ಲ ಎಂದು ಕೇಳಿದರೆ, ಮೊದಲ ದಿನ ಹತ್ತಕ್ಕೆ ಹತ್ತೂ ತಪ್ಪು ಹೇಳಿದಳು. ನಾನು ಬೈದೆ. ನಾಲ್ಕನೆಯ ದಿನ ಎಂಟು ಸರಿ ಹೇಳಿದಳು. ಉಳಿದ ಎರಡಕ್ಕೆ ಬೈದೆ.

ಬೇಯಿಸಿದ್ದನ್ನೆಲ್ಲ ಯಾರಾದರೂ ತಿನ್ನಬೇಕಲ್ಲ? ಐದನೆಯ ರಾತ್ರಿಯೂ ಸೋರೆಕಾಯಿಯೇ ಬಂದಾಗ ನನ್ನ ಮಗ ಮಾಧವ ತಟ್ಟೆ ತಳ್ಳಿ, "ಅಪ್ಪ, ಪರೀಕ್ಷೆ ಅವಳಿಗಾ ನನಗಾ?" ಎಂದು ಕೇಳಿದ.

ಪರೀಕ್ಷೆಯ ದಿನ ಮೀನನ್ನು ವಿದ್ಯಾರ್ಥಿಗಳೇ ತರಬೇಕಿತ್ತು. ಬೆಳಿಗ್ಗೆ ಬಿಟಿಎಂ ಲೇಔಟಿನ ಮೀನಂಗಡಿಗೆ ಅವಳ ಜೊತೆ ನಾನೂ ಹೋದೆ. ಹಣೆಯ ಮೇಲೆ ನಾಮ, ಹೆಗಲ ಮೇಲೆ ಶಲ್ಯ. ಅಂಗಡಿಯ ಯಲ್ಲಯ್ಯ, "ಸಾಮಿ, ದೇವಸ್ಥಾನ ಪಕ್ಕದ್ ರಸ್ತೆ" ಎಂದ. ನಾನು ಒಂದು ಪಾಂಫ್ರೆಟ್‌ನ ಬಾಲ ಹಿಡಿದು ಮುರಿಯಲು ನೋಡಿದೆ. ಚಟ್ ಎಂದು ಮುರಿದರೆ ತಾನೇ ಎಳೆಯದು?

"ಅಯ್ಯೋ ಸಾಮಿ! ಬೆಂಡೆಕಾಯಿ ಅಲ್ಲ ಅದು!"

ಮೈತ್ರೇಯಿ ಮುಖ ಮುಚ್ಚಿಕೊಂಡಳು. ಯಲ್ಲಯ್ಯ ಒಳ್ಳೆಯವನು. ಕಣ್ಣು ಹೊಳೆಯಬೇಕು, ಕಿವಿರು ಕೆಂಪಗಿರಬೇಕು, ಒಳ್ಳೆ ಮೀನು ನಾರುವುದಿಲ್ಲ ಎಂದು ಹೇಳಿಕೊಟ್ಟ. ಹೊರಡುವಾಗ ರೂಢಿಯಂತೆ, "ಸ್ವಲ್ಪ ಕೊತ್ತಂಬರಿ ಹಾಕಪ್ಪ" ಎಂದುಬಿಟ್ಟೆ.

ಕಾಲೇಜು ಕೋಣನಕುಂಟೆಯ ಕಡೆ. ಒಬ್ಬೊಬ್ಬ ವಿದ್ಯಾರ್ಥಿಗೆ ಒಂದು ಮೇಜು, ಒಬ್ಬ ಅತಿಥಿ. ಪರೀಕ್ಷಕರು ಬಂದಾಗ ಅವನೂ ಜೊತೆಗೆ ಕೂರಬೇಕು. ನಾನು ಮಜ್ಜಿಗೆ ಮಾತ್ರ ಎಂದು ಮೊದಲೇ ಹೇಳಿದ್ದೆ. ಎದುರಿಗೆ ಪರೀಕ್ಷಕ ಕೈಲಾಸ್, ಮೊಳದುದ್ದದ ಬಿಳಿ ಟೋಪಿ. ಮೈತ್ರೇಯಿ ಬಾಳೆಲೆಯ ಮೇಲೆ ಇಡೀ ಮೀನನ್ನು ತಂದಿಟ್ಟಳು. ಮೇಲೆ ಹೇರಳೆಯ ಬಿಲ್ಲೆ, ಸುತ್ತ ಸಬ್ಬಸಿಗೆ. ನಾನು ಮುಖ ತಿರುಗಿಸಿದೆ. ಮೂಗನ್ನು ಎಲ್ಲಿಗೆ ತಿರುಗಿಸಲಿ?

ಕೈಲಾಸ್ ಮೇಲಿನಿಂದ ಒಂದು ತುಂಡು ತೆಗೆದು ತಿಂದು ತಲೆಯಾಡಿಸಿದರು. ಪೆನ್ನು ತೆಗೆದರು. ಅಷ್ಟರಲ್ಲಿ ನನಗೆ ಒಳಗಿನ ಆವಿ ಬಡಿಯಿತು. ಹಸಿ ವಾಸನೆ. ಹುಡುಗಿ ಮೇಲೆಲ್ಲ ಉಪ್ಪು ಸವರಿ ಹೊಟ್ಟೆಯೊಳಗೆ ಹಾಕುವುದನ್ನೇ ಮರೆತಿದ್ದಳು. ಬಾಯಿ ಮುಚ್ಚಿಕೊಂಡಿದ್ದರೆ ಪಾಸಾಗಿಬಿಡುತ್ತಿದ್ದಳೋ ಏನೋ. ನಾನು ಮಜ್ಜಿಗೆ ಕುಡಿದೆ. ಇನ್ನೊಂದು ಗುಟುಕು ಕುಡಿದೆ.

"ನೀವ್ಯಾಕ್ ಸಾರ್ ತಿಂತಿಲ್ಲ? ಮೊಮ್ಮಗಳ ಕೈ ಮೇಲೆ ನಂಬಿಕೆ ಇಲ್ವಾ?" ಎಂದು ಕೈಲಾಸ್ ನಕ್ಕರು.

"ಹೊಟ್ಟೆ ಒಳಗೆ ಉಪ್ಪಿಲ್ಲ" ಎಂದೆ.

ಹೇಳಿದ ಮೇಲೆ ನಾಲಿಗೆ ಕಚ್ಚಿಕೊಂಡು ಏನು ಪ್ರಯೋಜನ? ಮೈತ್ರೇಯಿಯ ಮುಖ ಬಿಳಿಚಿಕೊಂಡಿತು. ಕೈಲಾಸ್ ಮೀನಿನ ಹೊಟ್ಟೆ ಬಿಡಿಸಿ ಒಳಗಿಂದ ಒಂದು ತುಂಡು ತಿಂದರು. ನಗು ಮಾಯವಾಯಿತು. "ಸಪ್ಪೆ" ಎಂದು ಬರೆಯಲು ಹೊರಟರು. ನಲವತ್ತು ವರ್ಷದಲ್ಲಿ ನನ್ನ ಮೂಗನ್ನು ನಾನು ಶಪಿಸಿದ್ದು ಅದೇ ಮೊದಲು. ಒಂದು ಮಗುವಿನ ವರ್ಷವನ್ನು ನನ್ನ ಜಂಭ ನುಂಗಿಹಾಕಿತ್ತು.

"ಒಂದ್ನಿಮಿಷ ಶೆಫ್, ಬಡಿಸೋದು ಇನ್ನೂ ಮುಗಿದಿಲ್ಲ" ಎಂದಳು ಮೈತ್ರೇಯಿ. ಅವಳ ಟ್ರೇಯಲ್ಲಿ ಒಂದು ಬಟ್ಟಲಿತ್ತು. ಹೇರಳೆ ರಸ, ಉಪ್ಪು, ಜಜ್ಜಿದ ಕೊತ್ತಂಬರಿ. ಅದನ್ನು ಬಿಸಿ ಮೀನಿನ ಹೊಟ್ಟೆಯೊಳಗೆ ಹುಯ್ದಳು. ಆವಿ ದುಂಡಗೆ ಮೇಲೆದ್ದಿತು.

ಕೈಲಾಸ್ ತಿಂದರು. ಮತ್ತೆ ತಿಂದರು. ಪೆನ್ನು ಕೆಳಗಿಟ್ಟು ಮೂರನೆಯ ಸಲ ತಿಂದರು. "ಒಳಗೆ ಉಪ್ಪಿಲ್ಲ ಅಂತ ನಿನಗೆ ಯಾವಾಗ ಗೊತ್ತಾಯ್ತು?"

"ಅಡುಗೆಮನೇಲೇ ಶೆಫ್, ಎಲೆ ಬಿಚ್ಚಿದ ತಕ್ಷಣ. ಇಲ್ಲಿ ನಿಮ್ಮೆದುರಿಗೇ ಹೊಟ್ಟೆ ಬಿಡಿಸಿ ಹುಯ್ಯೋಣ ಅಂತಿದ್ದೆ, ಅಷ್ಟರಲ್ಲಿ ನಮ್ ತಾತ..."

ಪಾಸು ಎಂದು ಬರೆದು ಕೈಲಾಸ್ ಮುಂದಿನ ಮೇಜಿಗೆ ಹೋದರು. ಹೋಗುವಾಗ ಮೀನಿದ್ದ ಎಲೆಯನ್ನೂ ಜೊತೆಗೇ ಒಯ್ದರು.

ಮೈತ್ರೇಯಿ ಸೊಂಟದ ಮೇಲೆ ಕೈಯಿಟ್ಟು ನನ್ನ ಕಡೆ ತಿರುಗಿದಳು. "ಎರಡು ನಿಮಿಷ ಸುಮ್ನಿರೋಕೆ ಆಗ್ಲಿಲ್ವಾ ತಾತ ನಿಮಗೆ? ನನ್ ಪ್ರಾಣ ಹೋಗಿತ್ತು! ಯಾರ್ ಕೇಳಿದ್ರು ನಿಮ್ಮನ್ನ?"

ಇಡೀ ಹಾಲ್ ತಿರುಗಿ ನೋಡಿತು. ನನ್ನ ಕೈಕೆಳಗೆ ದುಡಿದವರಲ್ಲಿ ಹೀಗೆ ದನಿಯೆತ್ತುವ ಧೈರ್ಯ ಯಾರೂ ಮಾಡಿರಲಿಲ್ಲ. ನನ್ನ ಮೂಗಿಗೆ ಮುಟ್ಟುವ ಮುಂಚೆಯೇ ಆವಿಯಲ್ಲಿ ಉಪ್ಪಿನ ಕೊರತೆ ಹಿಡಿದವರೂ ಯಾರೂ ಇರಲಿಲ್ಲ. ಕಣ್ಣು ತುಂಬಿ ಬಂತು. ಶಲ್ಯದಲ್ಲಿ ಒರೆಸಿಕೊಂಡು, ತಲೆ ತಗ್ಗಿಸಿ, ಅವಳು ಬೈದದ್ದನ್ನೆಲ್ಲ ಖುಷಿಯಾಗಿ ಬೈಸಿಕೊಂಡೆ.