ಹತ್ತೂವರೆಯ ಟೀ

ಇದು ಟೀ ಅಲ್ಲ, ಟೀಗೆ ಈ ವಾಸನೆ ಎಲ್ಲಿಂದ ಬರ್ಬೇಕು, ಗ್ಲಾಸು ತುಟಿ ಹತ್ರ ಬಂದು ಅಲ್ಲೇ ನಿಂತಿದೆ, ಮುನ್ನೂರ ಹನ್ನೊಂದು ದಿನದಿಂದ ಈ ಮೂಗಿಗೆ ಸೋಪು, ಬೆಣ್ಣೆ ಸವರಿದ ಬ್ರೆಡ್ಡು, ಮಳೇಲಿ ನೆಂದ ನಾಯಿ ಬಿಟ್ರೆ ಬೇರೆ ಸುಖ ಸಿಕ್ಕಿಲ್ಲ, ಆದ್ರೂ ಮರ್ತಿಲ್ಲ ನೋಡು ಹಾಳಾದ್ದು, ಒಂದೇ ಉಸಿರಿಗೆ ಹಳೇ ಗೆಳೆಯನ ಗುರುತು ಹಿಡಿದುಬಿಡ್ತು, ವಿಸ್ಕಿ, ಅದೂ ಒಳ್ಳೇ ಮಾಲು—ಅಯ್ಯೋ ವಿಲ್ಫ್, ಏನಯ್ಯಾ ಮಾಡಿಟ್ಟೆ, ಎದುರಿಗೆ ಕ್ಯಾಮೆರಾ, ತಲೆ ಮೇಲೆ ಬೆಂಕಿ ಹಾಗಿರೋ ದೀಪಗಳು, ಗೋಡೆ ಗಡಿಯಾರದಲ್ಲಿ ಹತ್ತು ಗಂಟೆ ಇಪ್ಪತ್ತು ನಿಮಿಷ, ಒಂದು ಮೂಲೇಲಿ ಮಡಚೋ ಕುರ್ಚಿ ಮೇಲೆ ವಿಮೆ ಕಂಪನಿಯ ಪೆಟ್ಟಿಫರ್, ಮಡಿಲಲ್ಲಿ ಟೋಪಿ ಇಟ್ಕೊಂಡು ನನ್ನನ್ನೇ ನೋಡ್ತಾ ಕೂತಿದಾನೆ, ಕ್ಲೆಮ್ ಗಾರ್ಸೈಡ್, ಅಂದ್ರೆ ನಾನು, ಈ ಸಿನಿಮಾ ಮುಗಿಯೋವರೆಗೂ ಒಂದು ಹನಿ ಮುಟ್ಟಿದ್ರೆ ಅವತ್ತೇ ಅವನನ್ನ ಕಿತ್ತು ಬೇರೆಯವನನ್ನ ಹಾಕ್ತೀವಿ ಅಂತ ಕರಾರು ಬರೆಸ್ಕೊಂಡಿರೋ ಮನುಷ್ಯ, ಹೋಗ್ಲಿ ಬಿಡು, ಸಿನಿಮಾ ಹೋದ್ರೆ ಹೋಯ್ತು, ಎಪ್ಪತ್ತನಾಲ್ಕು ಮಾಡಿದೀನಿ, ಅದರಲ್ಲಿ ಅರವತ್ತು ನನಗೇ ನೆನಪಿಲ್ಲ, ಆದ್ರೆ ಶನಿವಾರ ಹೆಟ್ಟಿ ಮದುವೆ, ನನ್ನ ಒಬ್ಬಳೇ ಮಗಳು, ಅಡುಗೆಮನೇಲಿ ಬೆನ್ನು ಹಾಕಿ ನಿಂತ್ಕೊಂಡೇ ಹೇಳಿದ್ಲು, ಅಪ್ಪಾ, ನೀನು ಕುಡಿದೇ ಇದ್ರೆ ನೀನೇ ನನ್ನ ಕೈ ಹಿಡಿದು ಚರ್ಚೊಳಗೆ ಕರ್ಕೊಂಡು ಹೋಗು, ಕುಡಿದ್ರೆ ಬರ್ಲೇ ಬೇಡ, ಸೋದರಮಾವ ಕರ್ಕೊಂಡು ಹೋಗ್ತಾನೆ. ಸಿಟ್ಟಿಲ್ಲ, ಅಳು ಇಲ್ಲ, ಹಾಲು ತಗೊಂಡು ಬಾ ಅಂದಷ್ಟು ಸಲೀಸಾಗಿ ಹೇಳಿದ್ಲು. ಒಂದು ಗುಟುಕು ಅಂತ ಶುರು ಮಾಡಿದ್ರೆ ನಾನು ನಿಲ್ಲೋ ಗಿರಾಕಿ ಅಲ್ಲ, ಅದು ಅವಳಿಗೂ ಗೊತ್ತು, ನಂಗೂ ಗೊತ್ತು.

ತಪ್ಪು ವಿಲ್ಫ್‌ನದ್ದಲ್ಲ, ಪಾಪ, ಸೆಟ್ಟಿನ ಸಾಮಾನು ನೋಡ್ಕೊಳ್ಳೋ ವಿಲ್ಫ್ ಟನಿಕ್ಲಿಫ್ ಇಪ್ಪತ್ತು ವರ್ಷದಿಂದ ಕುಡಿಯೋ ದೃಶ್ಯಕ್ಕೆ ಎಲ್ಲರ ಗ್ಲಾಸಿಗೂ ವಿಸ್ಕಿ ಬದಲು ತಣ್ಣನೆ ಟೀ ಹುಯ್ತಾ ಬಂದ, ನನ್ನೊಬ್ಬನ ಗ್ಲಾಸಿಗೆ ಮಾತ್ರ ಅಸಲಿ, ದೊರೆಗೆ ಟೀ ಕೊಟ್ರೆ ನನ್ನ ಕೈಗೆ ಅವಮಾನ ಅಂತಿದ್ದ, ಸೊಂಟ ಮುರ್ಕೊಂಡು ಎರಡು ವರ್ಷ ಮನೇಲಿದ್ದು ಇವತ್ತು ಬೆಳಗ್ಗೆ ತಾನೇ ಕೋಲೂರಿಕೊಂಡು ಕೆಲಸಕ್ಕೆ ಬಂದಿದಾನೆ, ತಿಂಗಳು ಕಳೆದ್ರೆ ನಿವೃತ್ತಿ, ನನ್ನ ನೋಡಿ ತಬ್ಕೊಂಡ, ಆಮೇಲೆ ಹುಬ್ಬೆತ್ತಿ ಗ್ಲಾಸಿನ ಕಡೆ ನೋಡಿದ, ಏನು ದೊರೆ, ಅಂತ, ನಾನು ಏನು ಮಾಡ್ಬೇಕಿತ್ತು, ವಿಲ್ಫ್, ನಾನು ಬಿಟ್ಟಿದೀನಿ ಕಣೋ ಅನ್ಬೇಕಿತ್ತು, ಅದರ ಬದಲು ಕಣ್ಣು ಹೊಡೆದೆ, ಅರವತ್ತೊಂದು ವರ್ಷದ ಕತ್ತೆ ನಾನು, ಹಾಲಿನ ಗಾಡಿ ಹತ್ತಿ ತನ್ನ ಮದುವೆಗೇ ಮೂರು ಗಂಟೆ ತಡವಾಗಿ ಬಂದ ಗಾರ್ಸೈಡ್, ಸ್ಪೇನಲ್ಲಿ ಕತ್ತೆ ಕೊಂಡು ಹೋಟೆಲಿನ ಲಿಫ್ಟಲ್ಲಿ ಮರೆತು ಬಂದ ಗಾರ್ಸೈಡ್, ಬಿಷಪ್ಪನ ವೇಷದಲ್ಲೇ ಕೊಳಕ್ಕೆ ಬಿದ್ದು ತೇಲ್ತಾ ಆಶೀರ್ವಾದ ಮಾಡಿದ ಗಾರ್ಸೈಡ್, ಅಂಥವನು ಟೀ ಕುಡಿತಾನೆ ಅಂತ ವಿಲ್ಫ್‌ಗೆ ಗೊತ್ತಾದ್ರೆ ಏನಂದ್ಕೊಂಡಾನು ಅಂತ ನಾಚಿಕೆ, ಕಣ್ಣು ತಾನಾಗೇ ಮುಚ್ಚಿ ತೆರೀತು. ಈಗ ಇದು ವಿಸ್ಕಿ ಅಂತ ನಾನು ಬಾಯಿ ಬಿಟ್ರೆ ಪೆಟ್ಟಿಫರ್ ಮೊದಲು ವಿಲ್ಫ್‌ನ ಮನೆಗೆ ಕಳಿಸ್ತಾನೆ, ಕೋಲು ಸಮೇತ. ಹಾಗಾಗಿ ಕುಡಿಯೋ ಹಾಗಿಲ್ಲ, ಹೇಳೋ ಹಾಗೂ ಇಲ್ಲ, ಗ್ಲಾಸು ಮಾತ್ರ ಕೈಯಲ್ಲಿದೆ.

ಶಾಟ್ ತೆಗೀರಿ, ಅಂತ ಏಡ್ರಿಯನ್ ಕೂಗ್ತಿದಾನೆ, ನಮ್ಮ ನಿರ್ದೇಶಕ, ಮೀಸೆ ಇನ್ನೂ ಸರಿಯಾಗಿ ಬಂದಿಲ್ಲ, ಆದ್ರೂ ಬುದ್ಧಿವಂತ, ಗಾರ್ಸೈಡ್ ಅವರೇ, ಬಾರಲ್ಲಿ ಕೂತು ಕಾಗದ ಓದ್ತೀರಿ, ಗೆಳೆಯ ಸತ್ತ ಸುದ್ದಿ, ಪೂರ್ತಿ ಗ್ಲಾಸು ಒಂದೇ ಸಲ ಕುಡಿತೀರಿ, ಕ್ಯಾಮೆರಾ ನಿಮ್ಮ ಗಂಟಲ ಮೇಲೆ, ಗ್ಲಾಸು ಇಡ್ತೀರಿ, ಆಮೇಲೆ ಆ ಮಾತು—ಇನ್ನೊಂದು ಹಾಕು, ಇವತ್ತು ಯಾರೂ ಕಾಯ್ತಿಲ್ಲ. ಗಂಟಲ ಮೇಲೆ ಕ್ಯಾಮೆರಾ ಇಟ್ಟು ಮೋಸ ಮಾಡು ಅಂದ್ರೆ ಹೇಗಪ್ಪಾ, ಆದ್ರೆ ಹತ್ತೂವರೆ ಆಗ್ಲಿ, ಹತ್ತೂವರೆಗೆ ಐವಿಯ ಟೀ ಗಾಡಿ ಬರುತ್ತೆ, ಗಾಡಿ ಬಂದ್ರೆ ದೀಪದವರು ಯಾರನ್ನೂ ಕೇಳಲ್ಲ, ಕಾರ್ಮಿಕ ಸಂಘದ ಕಾನೂನು, ರಾಣಿ ಬಂದು ಸಂಭಾಷಣೆ ಹೇಳ್ತಿದ್ರೂ ದೀಪ ಆರಿಸಿ ಟೀ ಕುಡಿಯೋಕೆ ಹೋಗ್ತಾರೆ, ಇನ್ನು ಒಂಬತ್ತು ನಿಮಿಷ ಎಳೀಬೇಕು ಅಷ್ಟೆ, ಆಕ್ಷೀ ಅಂತ ಸುಳ್ಳೇ ಸೀನಿದೆ, ಮತ್ತೆ ಮೊದಲಿಂದ, ಸ್ಟೂಲು ಕಿರ್ ಅಂತಿದೆ ಅಂದೆ, ಬಡಗಿ ಬಂದು ಒಂದು ಕಾಲಿಗೆ ಕಾಗದ ತುರುಕಿ ಹೋದ, ಮತ್ತೆ ಮೊದಲಿಂದ, ಕಾಗದ ಓದ್ತಾ ಸತ್ತ ಗೆಳೆಯನ ಹೆಸರು ತಪ್ಪು ಹೇಳಿದೆ, ಇನ್ನೊಂದು ಸಲ ಬೇರೆ ಹೆಸರು ಹೇಳಿದೆ, ಮೂರನೇ ಸಲ ನನ್ನ ಎರಡನೇ ಹೆಂಡತಿ ಹೆಸರೇ ಬಂತು, ಸೆಟ್ಟಲ್ಲಿರೋರೆಲ್ಲಾ ಕಳ್ಳನ್ನ ಹಿಡಿದ ಹಾಗೆ ನೋಡ್ತಿದಾರೆ, ಹೊಟ್ಟೆ ಉರೀತಿದೆ ನಂಗೆ, ಯಾಕಂದ್ರೆ ಮೈಮೇಲೆ ಪ್ರಜ್ಞೆ ಇಲ್ದೆ ಇದ್ದಾಗಲೂ ನಾನು ಒಂದೇ ಒಂದು ಮಾತು ತಪ್ಪಿದವನಲ್ಲ, ಜೀವಮಾನದಲ್ಲಿ ಮೊದಲನೇ ಸಲ ತಪ್ತಿದೀನಿ, ಅದೂ ತಲೆ ನೆಟ್ಟಗಿರೋವಾಗ. ಪೆಟ್ಟಿಫರ್ ಎದ್ದ. ಟೋಪಿ ಕುರ್ಚಿ ಮೇಲಿಟ್ಟು ನನ್ನ ಕಡೆಗೇ ಬರ್ತಿದಾನೆ, ಇವನು ಕುಡಿದಿದಾನೆ ಅಂತ ಅವನ ಮುಖದಲ್ಲೇ ಬರೆದಿದೆ.

ಆಗ ಕೇಳಿಸ್ತು, ಐವಿಯ ಗಾಡಿ ಚಕ್ರ, ವರ್ಷಗಟ್ಟಲೆ ಎಣ್ಣೆ ಕಾಣದ ಆ ಎಡಗಡೆ ಚಕ್ರದ ಕೀಚಲು, ನನ್ನ ಮೂರು ಮದುವೆಯ ಗಂಟೆಗಳೂ ಇಷ್ಟು ಹಿತವಾಗಿರಲಿಲ್ಲ, ದೀಪ ಆರಿದವು, ಫಟ್ ಫಟ್ ಅಂತ ಒಂದೊಂದೇ, ಆ ಅರೆಗತ್ತಲಲ್ಲಿ ಕೌಂಟರಿನ ಮೇಲಿದ್ದ ಹೂಕುಂಡಕ್ಕೆ ಗ್ಲಾಸು ಬಗ್ಗಿಸಿದೆ, ಗುಳುಗುಳು ಅಂತ ಕುಡೀತು ಗಿಡ, ನನ್ನ ಬಾಯಲ್ಲಿ ನೀರೂರ್ತು, ಸುಳ್ಳು ಯಾಕೆ ಹೇಳ್ಲಿ, ಗಿಡದ ಮೇಲೆ ಹೊಟ್ಟೆಕಿಚ್ಚು ಪಟ್ಟೆ. ಪೆಟ್ಟಿಫರ್ ಮೂಗಿಗೆ ಮೂಗು ತಾಗೋ ಹಾಗೆ ನಿಂತು, ಕ್ಷಮಿಸಿ ಗಾರ್ಸೈಡ್ ಅವರೇ, ಸ್ವಲ್ಪ ಉಸಿರು ಬಿಡ್ತೀರಾ ಅಂದ, ಧಾರಾಳವಾಗಿ ಅಂತ ಹಾ ಅಂದೆ ಅವನ ಕನ್ನಡಕದ ಮೇಲೆ, ಬೆಳಗ್ಗೆ ತಿಂದ ಹೊಗೆ ಹಾಕಿದ ಮೀನಿನ ವಾಸನೆ ಪೂರ್ತಿ ಕೊಟ್ಟೆ, ಎರಡು ಹೆಜ್ಜೆ ಹಿಂದೆ ಹೋಗಿ ಕರವಸ್ತ್ರ ತೆಗೆದ, ಪಾಪ, ಟೀ ಗಾಡಿ ಕಡೆ ನಡೆದ. ನಗು ತಡ್ಕೊಂಡು ತಿರುಗಿದ್ರೆ ವಿಲ್ಫ್, ಏಪ್ರನ್ನಿನ ಒಳಗೆ ಬಾಟಲಿ, ಏನು ದೊರೆ, ಗಿಡಕ್ಕೂ ಅಭ್ಯಾಸ ಮಾಡಿಸ್ತಿದೀಯಾ, ಇನ್ನೊಂದು ಹಾಕ್ಲಾ ಅಂತ ಪಿಸುಗುಟ್ಟಿದ, ನಾನು ಗ್ಲಾಸಿನ ಬಾಯಿಗೆ ಅಂಗೈ ಅಡ್ಡ ಇಟ್ಟೆ. ಬೇಡ ವಿಲ್ಫ್, ಮುನ್ನೂರ ಹನ್ನೊಂದು ದಿನ ಆಯ್ತು. ಅವನ ಮುಖ ಬಿಳಿಚಿಕೊಳ್ತು, ಕೋಲಿನ ಮೇಲೆ ಭಾರ ಬಿಟ್ಟು ನಿಂತ, ಅಯ್ಯೋ, ನನ್ನ ಕೈಯಾರೆ ನಿನ್ನ ಹಾಳು ಮಾಡ್ಬಿಡ್ತಿದ್ನಲ್ಲೋ, ನಂಗ್ಯಾಕೆ ಹೇಳಲಿಲ್ಲ ಅಂದ, ದೊರೆ ಅನ್ನೋದನ್ನೇ ಮರೆತ, ನಾಚಿಕೆ ಆಯ್ತು ಕಣೋ, ಕಣ್ಣು ಹೊಡೆದವನು ನಾನು ತಾನೇ ಅಂದೆ, ಅವನು ಮೂಗು ಒರೆಸ್ಕೊಂಡು, ನಿನಗೆ ನಾಚಿಕೆ ಅಂತ ಒಂದಿದೆ ಅಂತ ಇವತ್ತೇ ಗೊತ್ತಾಗಿದ್ದು ಅಂದ. ಆಮೇಲೆ ಗ್ಲಾಸು ಕಿತ್ಕೊಂಡು ನಲ್ಲಿ ಹತ್ರ ಹೋಗಿ ಮೂರು ಸಲ ತೊಳೆದು ತಂದ, ಬಾಟಲಿ ಏನು ಮಾಡಿದ್ನೋ ನಾನು ಕೇಳಲಿಲ್ಲ.

ಈಗ ಟೀ ಬೇಕು, ಹಾಲಿಲ್ಲದ್ದು, ವಿಸ್ಕಿ ಬಣ್ಣದ್ದು, ಐವಿ ಕೊಟ್ಲು, ತಗೋ ಚಿನ್ನ, ಎರಡು ಚಮಚ ಸಕ್ಕರೆ ಹಾಕಿದೀನಿ, ಮುಖ ಬಾಡಿದೆ ನಿಂದು ಅಂತ, ಅವಳಿಗೆ ಎಲ್ಲರೂ ಚಿನ್ನ, ಪೆಟ್ಟಿಫರ್ ಕೂಡ, ಆದ್ರೆ ಟೀ ಕುದೀತಿದೆ, ಹಬೆ ಬರ್ತಿದೆ, ಹಬೆ ಬರೋ ವಿಸ್ಕಿನ ಎಲ್ಲಿ ಕಂಡಿದೀರಿ, ದೀಪ ಮತ್ತೆ ಹತ್ತೋಕೆ ಆರು ನಿಮಿಷ, ಬೇರೆ ತಣ್ಣನೆ ಟೀ ಇಲ್ವಾ ಅಂದ್ರೆ ವಿಲ್ಫ್ ತಲೆ ತಗ್ಗಿಸಿದ, ನಿಂಗೆ ಬೇಕಾಗಲ್ಲ ಅಂತ ಮಾಡಲೇ ಇಲ್ಲ ಅಂದ. ಊದಿ ಊದಿ ಆರಿಸೋಣ ಅಂತ ಕಪ್ಪು ಎತ್ತಿದೆ, ಕೆಳಗೆ ಸಾಸರ್ ಕಾಣಿಸ್ತು—ಬಿಳೀದು, ಅಂಚಲ್ಲಿ ಒಂದು ಚಕ್ಕೆ ಹೋಗಿದೆ—ಅಪ್ಪ, ಗಣಿಯಿಂದ ಬಂದು ಮುಖ ತೊಳ್ಕೊಂಡು ಕೂತ್ಕೊಳ್ತಿದ್ದ ಅಪ್ಪ, ಟೀನ ಸಾಸರಿಗೆ ಬಗ್ಗಿಸಿ ಮೂರು ಬೆರಳ ತುದೀಲಿ ಹಿಡಿದು, ಕೆನ್ನೆ ಉಬ್ಬಿಸಿ ಊದ್ತಿದ್ದ, ಬೆರಳ ಮೇಲೆ ಗಾಯದೊಳಗೆ ಕಲ್ಲಿದ್ದಲ ಪುಡಿ ಸೇರಿ ನೀಲಿಗಟ್ಟಿದ ಗೆರೆಗಳು, ಟೀ ಮೇಲೆ ಸಣ್ಣ ಸಣ್ಣ ಅಲೆ, ಜನ್ಮದಲ್ಲಿ ಹೆಂಡ ಮುಟ್ಟದವನು, ನಮ್ಮೂರಲ್ಲಿ ಎಲ್ಲರೂ ಹಂಗೇ ಟೀ ಕುಡೀತಿದ್ರು. ನನ್ನ ಮೊದಲ ದೊಡ್ಡ ಸಿನಿಮಾ ಬಿಡುಗಡೆಗೆ ಲಂಡನ್ನಿಗೆ ಕರೆಸ್ಕೊಂಡೆ, ಹೊಸ ಕೋಟು, ಕತ್ತು ಹಿಸುಕೋ ಕಾಲರ್, ದೊಡ್ಡ ಹೋಟೆಲಿನ ಊಟದ ಮೇಜಲ್ಲಿ ಅಷ್ಟು ಜನರ ಎದುರಿಗೆ ಸಾಸರಿಗೆ ಬಗ್ಗಿಸಿ ಊದಿದ, ಮುತ್ತಿನ ಸರದ ಯಾವಳೋ ಕಿಸಕ್ಕನೆ ನಕ್ಕಳು, ನಾನೂ ನಕ್ಕೆ, ಅವಳ ಜೊತೆ ಸೇರ್ಕೊಂಡು, ನಕ್ಕು ದೊಡ್ಡ ವಿಸ್ಕಿ ತರಿಸ್ಕೊಂಡು ಆ ಕಡೆ ತಿರುಗಿ ಕೂತೆ, ಅಪ್ಪ ಸಾಸರ್ ಕೆಳಗಿಟ್ಟ, ಮಿಕ್ಕಿದ್ದು ಕುಡೀಲಿಲ್ಲ. ಅವತ್ತು ತಿರುಗಿಸಿದ ಮುಖಾನ ಈ ಕಡೆ ತರೋಕೆ ನಂಗೆ ಇಷ್ಟು ವರ್ಷ ಹಿಡೀತು, ಅಪ್ಪ ಇಲ್ಲ ಈಗ.

ಬಗ್ಗಿಸಿದೆ, ಸೆಟ್ಟಿನ ನಡುಮಧ್ಯೆ ನಿಂತ್ಕೊಂಡೇ, ಸಾಸರಿಗೆ, ಮೂರು ಬೆರಳಲ್ಲಿ ಹಿಡಿದು ಕೆನ್ನೆ ಉಬ್ಬಿಸಿ ಊದಿದೆ, ಏಡ್ರಿಯನ್ ಬಾಯಿ ಬಿಟ್ಕೊಂಡು ನೋಡ್ತಿದಾನೆ, ದೀಪದವರು ನೋಡ್ತಿದಾರೆ, ನೋಡಲಿ, ಊದಿದ್ದನ್ನ ಗ್ಲಾಸಿಗೆ ಸುರಿದೆ, ಮತ್ತೆ ಬಗ್ಗಿಸಿದೆ, ವಿಲ್ಫ್ ಇನ್ನೊಂದು ಸಾಸರ್ ತಂದು ಪಕ್ಕ ನಿಂತು ತಾನೂ ಊದೋಕೆ ಶುರು ಮಾಡಿದ, ಇಬ್ಬರು ಮುದುಕರು ನಾಲ್ಕು ಕೆನ್ನೆ, ಐವಿ ಸೊಂಟಕ್ಕೆ ಕೈ ಕೊಟ್ಟು, ನಮ್ಮಪ್ಪಾನೂ ಹಿಂಗೇ ಮಾಡ್ತಿದ್ದ ಕಣೋ ಚಿನ್ನ ಅಂದ್ಲು, ಪೆಟ್ಟಿಫರ್ ಅನುಮಾನದಿಂದ ಹತ್ರ ಬಂದು ಸಾಸರಿಗೆ ಮೂಗಿಟ್ಟು ಮೂಸಿದ, ಟೀ ಅಂದ, ಹೌದು ಟೀ ಅಂದೆ, ಬೇಕಾ ಅಂದೆ, ಅವನು ಸಾಸರಿನ ಕಡೆ ಇನ್ನೊಂದು ಸಲ ನೋಡಿ ಬೇಡ ಅಂದ, ಅವನಿಗೂ ಒಬ್ಬ ಅಪ್ಪ ಇದ್ದಿರಬೇಕು.

ದೀಪ ಹತ್ತಿವೆ. ತೆಗೀರಿ. ಕಾಗದ ಓದಿದೆ, ಹೆಸರು ಸರಿಯಾಗಿ ಬಂತು, ಗ್ಲಾಸು ಎತ್ತಿದೆ, ಹಬೆ ಇಲ್ಲ, ಬಣ್ಣ ಅಚ್ಚುಕಟ್ಟು, ಗಂಟಲ ಮೇಲೆ ಕ್ಯಾಮೆರಾ, ಒಂದೇ ಸಲಕ್ಕೆ ಪೂರ್ತಿ ಇಳಿಸಿದೆ, ಸಕ್ಕರೆ, ಟೀ, ಐವಿಯ ಎರಡು ಚಮಚ, ನಲವತ್ತು ವರ್ಷ ಕುಡಿದು ನಟಿಸಿದೆ, ಇದೇ ಮೊದಲು ನಟಿಸಿ ಕುಡೀತಿರೋದು, ಚೆನ್ನಾಗೇ ಬರ್ತಿದೆ, ನಂಗೇ ಗೊತ್ತಾಗ್ತಿದೆ, ಶನಿವಾರ ಹೆಟ್ಟಿ ನನ್ನ ತೋಳಿಗೆ ಕೈ ಹಾಕ್ತಾಳೆ, ಇನ್ನು ನಾಲ್ಕೇ ದಿನ, ಗ್ಲಾಸು ಕೌಂಟರಿನ ಮೇಲಿಟ್ಟೆ, ಈಗ ಆ ಮಾತು ಹೇಳ್ಬೇಕು, ಇನ್ನೊಂದು ಹಾಕು, ಇವತ್ತು ಯಾರೂ ಕಾಯ್ತಿಲ್ಲ, ಅಷ್ಟೇ ಇರೋದು, ಏಡ್ರಿಯನ್ ಮುಂದಕ್ಕೆ ಬಗ್ಗಿ ಕಾಯ್ತಿದಾನೆ, ವಿಲ್ಫ್ ಕೋಲು ಹಿಡಿದು ಕಾಯ್ತಿದಾನೆ, ಹೇಳು, ಇನ್ನೊಂದು ಹಾಕು—ಊರು ಬಿಟ್ಟು ಹೊರಟ ಬೆಳಗ್ಗೆ, ಹದಿನೇಳು ವರ್ಷ ನಂಗೆ, ಬಸ್ಸಿಗೆ ಹೊತ್ತಾಯ್ತು, ಟೀ ಸುಡ್ತಿದೆ ಬೇಡ ಅಂತ ಬಾಗಿಲ ಹತ್ರ ನಿಂತಿದೀನಿ, ಅಪ್ಪ ಸಾಸರಿಗೆ ಬಗ್ಗಿಸ್ತಾನೆ, ಉಬ್ಬಿದ ಕೆನ್ನೆ, ಸಣ್ಣ ಸಣ್ಣ ಅಲೆ, ಸಾಸರ್ ನನ್ನ ಕಡೆ ಚಾಚ್ತಾನೆ, ನೀಲಿ ಗೆರೆಯ ಮೂರು ಬೆರಳು, ಮೂರು ಬೆರಳ ಮೇಲೆ ಬಿಳೀ ಸಾಸರ್, ತಗೋ ಮಗಾ, ಕುಡಿ, ಆರಿದೆ—