ಹನ್ನೊಂದು ಇಪ್ಪತ್ತರ ನಂತರದ ಹೆಜ್ಜೆಗಳು

"ಹಳೇದೆಲ್ಲಾ ಅಳಿಸಿ ಹೊಸದು ಮಾಡಿಕೊಡ್ರಿ" ಅನ್ನುವುದು ಗಿರಾಕಿಗೇನು, ಬರೀ ಬಾಯಿಮಾತು. ಅಳಿಸುವವಳ ಎದೆ ಹೇಗೆ ಬಡಿದುಕೊಳ್ಳುತ್ತದೆ ಅಂತ ಅವರಿಗೆಲ್ಲಿ ಗೊತ್ತು! ಪುಣೆಯ ಹಡಪಸರದಲ್ಲಿ, ಗಾಡಿತಳದ ಬಸ್ ನಿಲ್ದಾಣದ ಹತ್ತಿರ ನೀತಾಳ ಅಂಗಡಿ. ಹಳೆಯ ಗೇಮ್ ಯಂತ್ರಗಳನ್ನು ಬಿಚ್ಚಿ, ತೊಳೆದು, ಮತ್ತೆ ಆಡುವ ಹಾಗೆ ಮಾಡುವುದು ಅವಳ ಕೆಲಸ. ನಾಲ್ಕು ವರ್ಷದ ಹಿಂದೆ ಒಬ್ಬ ಬ್ಯಾಂಕಿನ ಮನುಷ್ಯ, ಎರಡು ಮಕ್ಕಳ ತಂದೆ, ನಾನೂರು ತಾಸು ಆಡಿ ಉಳಿಸಿಟ್ಟಿದ್ದ ಆಟ ಅಳಿಸಿಹೋಯಿತೆಂದು ಅಂಗಡಿಯ ಮೆಟ್ಟಿಲ ಮೇಲೆ ಕುಳಿತು ಗೊಳೋ ಎಂದು ಅತ್ತಿದ್ದ. ಅಂದಿನಿಂದ ನೀತಾ ಒಂದು ಪದ್ಧತಿ ಹಾಕಿಕೊಂಡಳು. ಏನೇ ಅಳಿಸಬೇಕಿದ್ದರೂ ಮೊದಲು ಯಂತ್ರದ ಒಳಗಿನದನ್ನೆಲ್ಲ ಕಂಪ್ಯೂಟರಿಗೆ ನಕಲು ಮಾಡಬೇಕು, ಆಮೇಲೆ ಒಂದೊಂದೇ ಪರದೆ ತೆರೆದು ಕಣ್ಣಾರೆ ನೋಡಬೇಕು. ನೋಡದೆ ಅಳಿಸುವುದಿಲ್ಲ.

ಆ ಮಂಗಳವಾರ ಸಂಜೆ ಕೆಲಸ ತಂದುಕೊಟ್ಟವನು ಹೊರಗಿನವನಲ್ಲ, ಅವಳ ಗಂಡ ಮಾಂತು. ಅವನು ಕುರಕುಂಭದ ಒಂದು ರಾಸಾಯನಿಕ ಕಾರ್ಖಾನೆಯಲ್ಲಿ ಶಿಫ್ಟ್ ಇನ್‌ಚಾರ್ಜ್. ಕಂಪನಿಯ ಬಸ್ಸಿಳಿದು ಸೀದಾ ಅಂಗಡಿಗೆ ಬಂದು, ಕಾಗದದಲ್ಲಿ ಸುತ್ತಿದ ಪೊಟ್ಟಣವೊಂದನ್ನು ಕೌಂಟರಿನ ಮೇಲಿಟ್ಟ. ಒಳಗೆ ತ್ರೀಡಿಎಸ್ ಇತ್ತು. ಎರಡು ಪರದೆಯ, ಪುಸ್ತಕದಂತೆ ಮಡಚಿ ಕಿಸೆಯಲ್ಲಿಟ್ಟುಕೊಳ್ಳುವ ಹಳೆಯ ಗೇಮ್.

"ರೇಣುಂದು," ಎಂದ.

ರೇಣು ಅಂದರೆ ದೌಂಡ ಊರಿನ ಫಕೀರಪ್ಪನ ಮಗ. ಮಾಂತುನ ಕೈಕೆಳಗೇ ಕೆಲಸ ಮಾಡುತ್ತಿದ್ದವನು, ಇಪ್ಪತ್ತೇಳು ವರ್ಷ. ಒಂದೂವರೆ ತಿಂಗಳ ಹಿಂದೆ, ಆಗಸ್ಟ್ ಹನ್ನೊಂದರ ಸೋಮವಾರ, ಕಾರ್ಖಾನೆಯ ಎರಡನೇ ಗೋದಾಮಿನಲ್ಲಿ ಗ್ಯಾಸ್ ಸೋರಿ ಸತ್ತವನು.

"ಪೊಲೀಸರು ಕಿಸೆದಾಗಿನ ಸಾಮಾನು ವಾಪಸ್ ಕೊಟ್ಟಾರ. ಅವರಪ್ಪ, ಮುದುಕ, ನನ್ನ ಕೈಯಾಗ ಇದನ್ನ ಇಟ್ಟು ಅತ್ತ. ಮೊಮ್ಮಗಳಿಗೆ ಆಡಾಕ ಬೇಕಂತ. ನಮ್ಮ ಮನ್ಯಾಕಿ ಇದೇ ಕೆಲಸಾ ಮಾಡ್ತಾಳ, ಆಟ ತುಂಬಿಸಿ ಕೊಡ್ತಾಳ ಅಂದೆ." ಮಾಂತು ಕರ್ಚೀಫಿನಿಂದ ಕುತ್ತಿಗೆ ಒರೆಸಿಕೊಂಡ. "ಹಳೇದೆಲ್ಲಾ ಅಳಿಸಿಬಿಡು ನೀತಾ. ಅಪ್ಪನ ಹೆಸರಾ, ಫೋಟೋ ನೋಡಿ ಕೂಸು ಅಳೂದು ಬ್ಯಾಡ. ಶನಿವಾರ ಬರ್ತಾನ ಮುದುಕ."

ಒಳ್ಳೆಯ ಮನಸ್ಸು ಅಂದುಕೊಂಡಳು ನೀತಾ. ಹೆಮ್ಮೆಯೂ ಆಯಿತು ಅನ್ನಿ. ಆ ದಿನದಿಂದ ಮಾಂತು ಸರಿಯಾಗಿ ಊಟ ಮಾಡಿರಲಿಲ್ಲ. ರೇಣು ತನ್ನ ಕಣ್ಣೆದುರೇ ಕುಸಿದು ಸತ್ತ, ಸತ್ತದ್ದನ್ನು ನೋಡಿಯೇ ಗ್ಯಾಸ್ ಹೊರಗೆ ಹೋಗದಂತೆ ಗೋದಾಮಿನ ಶಟರ್ ಇಳಿಸಿದೆ, ಪಕ್ಕದ ಗೋದಾಮಿನಲ್ಲಿ ತೊಂಬತ್ತು ಜನ ಇದ್ದರು, ಎಂದು ಕೇಳಿದವರಿಗೆಲ್ಲ ಹೇಳಿ ಹೇಳಿ ಅವನ ಗಂಟಲು ಒಣಗಿತ್ತು. ಬರುವ ಸೋಮವಾರ ಸರಕಾರಿ ಅಧಿಕಾರಿಯ ಮುಂದೆ ಅದೇ ಮಾತನ್ನು ಬರೆದು ಸಹಿ ಹಾಕಬೇಕಿತ್ತು.

ಗುರುವಾರ ಅವಳು ಇಂಥ ಕೆಲಸ ಮುಟ್ಟುವುದಿಲ್ಲ. ಗುರುವಾರ ಬಂತೆಂದರೆ ಪುಣೆಯಲ್ಲಿ ಲೈನು ದುರಸ್ತಿಯೆಂದು ಕರೆಂಟು ತೆಗೆಯುತ್ತಾರೆ, ಭರವಸೆಯಿಲ್ಲ. ಅರ್ಧದಲ್ಲಿ ಕಂಪ್ಯೂಟರ್ ಆರಿತೋ, ಎಲ್ಲ ಮೊದಲಿನಿಂದ. ಶುಕ್ರವಾರ ಮಧ್ಯಾಹ್ನ ಗಿರಾಕಿಗಳಿಲ್ಲದ ಹೊತ್ತಿಗೆ ಕುಳಿತಳು. ಚಾರ್ಜಿಗೆ ಹಾಕಿದ್ದ ಯಂತ್ರ ಮೊದಲು ಸತ್ತಂತೆ ಬಿದ್ದಿತ್ತು, ಆಮೇಲೆ ಅಂಚಿನಲ್ಲಿ ನೀಲಿ ದೀಪ ಹತ್ತಿತು.

ಇಂಥ ಯಂತ್ರದೊಳಗೆ ತಯಾರಕರು ಇಟ್ಟ ತಂತ್ರಾಂಶವಿರುತ್ತದಲ್ಲ, ಅದು ಗೇಟಿನ ಕಾವಲುಗಾರನಿದ್ದಂತೆ. ತಾನು ಒಪ್ಪಿದ ಆಟವನ್ನು ಮಾತ್ರ ಒಳಗೆ ಬಿಡುತ್ತದೆ. ಆಟ ಮಾರುವ ಆನ್‌ಲೈನ್ ಅಂಗಡಿಯನ್ನೇ ಅವರು ಮುಚ್ಚಿಬಿಟ್ಟ ಮೇಲೆ ಕಾವಲುಗಾರನನ್ನು ಇಟ್ಟುಕೊಂಡು ಏನು ಮಾಡುವುದು? ಅವನನ್ನು ಕೆಳಗಿಳಿಸಿ, ನಾವು ಹೇಳಿದ್ದು ಕೇಳುವವನನ್ನು ಕೂರಿಸುವುದೇ ಕಸ್ಟಮ್ ಫರ್ಮ್‌ವೇರ್. ನೀತಾ ಮೆಮೊರಿ ಕಾರ್ಡಿಗೆ ಫೈಲುಗಳನ್ನು ಹಾಕಿದಳು. ಎರಡು ಬಟನ್ ಒತ್ತಿಹಿಡಿದು ಯಂತ್ರ ಹೊತ್ತಿಸಿದಳು. ಕಪ್ಪು ಪರದೆಯ ಮೇಲೆ ಬಿಳಿ ಅಕ್ಷರಗಳು ಓಡಿದವು. ಈ ಹಂತದಲ್ಲಿ ಉಸಿರು ಬಿಗಿಹಿಡಿಯದ ರಿಪೇರಿಯವರಿಲ್ಲ. ಒಂದು ಫೈಲು ತಪ್ಪಿದರೂ ಯಂತ್ರ ಇಟ್ಟಿಗೆಯಾಗುತ್ತದೆ, ಮತ್ತೆ ಏಳುವುದಿಲ್ಲ. ಎದ್ದಿತು. ಒಳಗಿನ ನೆನಪನ್ನೆಲ್ಲ ಕಂಪ್ಯೂಟರಿಗೆ ನಕಲು ಮಾಡಿಕೊಂಡು, ಅಳಿಸಿದ ಮೇಲೆ ತುಂಬಿಸಲು ಆರು ಆಟ ತೆಗೆದಿಟ್ಟಳು. ಇನ್ನು ಹಳೆಯದನ್ನು ಅಳಿಸಬೇಕು.

ಪದ್ಧತಿಯಂತೆ ಪರದೆಗಳನ್ನು ತೆರೆಯುತ್ತ ಹೋದಳು. ಫೋಟೋಗಳಲ್ಲಿ ಒಂದು ಹೆಣ್ಣು ಕೂಸು, ಹಲ್ಲು ಬಿದ್ದ ಬಾಯಿ ತೋರಿಸುತ್ತ ನಗುತ್ತಿತ್ತು. ಕಡೆಗೆ ದಿನಚರಿಯ ಪರದೆ. ಈ ಯಂತ್ರ ಮಡಚಿ ಕಿಸೆಯಲ್ಲಿದ್ದಾಗಲೂ ನಿದ್ದೆ ಮಾಡುವುದಿಲ್ಲ, ಹೊತ್ತವನು ಎಷ್ಟು ಹೆಜ್ಜೆ ನಡೆದ ಎಂದು ಎಣಿಸುತ್ತಿರುತ್ತದೆ. ನೂರು ಹೆಜ್ಜೆಗೆ ಆಟದಲ್ಲಿ ಒಂದು ನಾಣ್ಯ ಸಿಗುತ್ತದೆ, ಅದಕ್ಕೇ ಆಡುವವರು ಹೋದಲ್ಲೆಲ್ಲ ಹೊತ್ತು ತಿರುಗುತ್ತಾರೆ. ಗೋದಾಮಿನೊಳಗೆ ಮೊಬೈಲು ಬಿಡುವುದಿಲ್ಲ, ಗೇಟಿನಲ್ಲೇ ಇಟ್ಟು ಹೋಗಬೇಕು. ಇದು ಮೊಬೈಲಲ್ಲವೆಂದು ರೇಣು ಕಿಸೆಯಲ್ಲೇ ಇಟ್ಟುಕೊಂಡಿರಬೇಕು.

ಆಗಸ್ಟ್ ಹನ್ನೊಂದರ ಪುಟ ತೆರೆಯಬಾರದಿತ್ತು ಅಂತ ಆಮೇಲೆ ಎಷ್ಟೋ ಸಲ ಅನ್ನಿಸಿತು ಅವಳಿಗೆ. ತೆರೆದಳು.

ತಾಸಿಗೊಂದರಂತೆ ಹಸಿರು ಕಂಬಗಳು. ಬೆಳಿಗ್ಗೆ ಆರಕ್ಕೆ ಬಸ್ಸಿಗೆ ನಡೆದದ್ದು. ಏಳರಿಂದ ಹನ್ನೊಂದರ ತನಕ ಸಣ್ಣ ಸಣ್ಣ ಕಂಬ. ಹನ್ನೊಂದರದ್ದು ಸ್ವಲ್ಪ ಎತ್ತರ. ಗ್ಯಾಸ್ ಸೋರಿದ್ದು ಹನ್ನೊಂದು ಇಪ್ಪತ್ತಕ್ಕೆ. ಅಲ್ಲಿಗೆ ಮುಗಿಯಬೇಕಿತ್ತು.

ಮುಗಿದಿರಲಿಲ್ಲ. ಹನ್ನೆರಡರಿಂದ ಒಂದರ ನಡುವೆ ಸಾವಿರದ ಒಂಬೈನೂರ ನಾಲ್ಕು ಹೆಜ್ಜೆ. ಇಡೀ ದಿನದ ಅತಿ ಎತ್ತರದ ಕಂಬ. ಒಂದರಿಂದ ಎರಡರ ನಡುವೆ ಸಾವಿರದ ಇನ್ನೂರ ಅರವತ್ತು. ಎರಡರ ನಂತರ ಎಂಬತ್ತೆಂಟು. ಆಮೇಲೆ ಏನೂ ಇಲ್ಲ. ಮೂರಕ್ಕೆ ಶಟರ್ ಎತ್ತಿ ಹೆಣ ತೆಗೆದಿದ್ದರು.

ಗಡಿಯಾರ ಕೆಟ್ಟಿರಲಪ್ಪಾ ದೇವರೇ, ಎಂದು ನೀತಾ ಬೇಡಿಕೊಂಡಳು. ಯಂತ್ರದ ಗಡಿಯಾರವನ್ನು ತನ್ನ ಮೊಬೈಲಿನ ಪಕ್ಕ ಹಿಡಿದಳು: ಎರಡೇ ನಿಮಿಷದ ಫರಕು. ಹಿಂದಿನ ವಾರದ ದಿನಗಳನ್ನು ತೆರೆದಳು. ಪ್ರತಿದಿನ ಬೆಳಿಗ್ಗೆ ಆರಕ್ಕೇ ಬಸ್ಸಿನ ನಡಿಗೆ, ಮೂರಕ್ಕೇ ಮರಳುವ ನಡಿಗೆ. ಗಡಿಯಾರದ್ದೇನೂ ತಪ್ಪಿರಲಿಲ್ಲ.

ಅದೇ ಯಂತ್ರದಲ್ಲಿ ಧ್ವನಿ ಮುದ್ರಿಸುವ ಸೌಲಭ್ಯವೂ ಇತ್ತು. ಅದನ್ನೂ ತೆರೆದಳು. ಹಳೆಯ ಧ್ವನಿಮುದ್ರಿಕೆಗಳಷ್ಟೇ ಇದ್ದವು; ಕೂಸು ಆಡಿನ ಹಾಗೆ ಕೂಗುವುದು, ಯಾರೋ ನಗುವುದು. ಆ ದಿನದ್ದು ಒಂದೂ ಇರಲಿಲ್ಲ. ಬಾಗಿಲು ಈಗ ತೆರೆಯುತ್ತಾರೆ, ಈಗ ತೆರೆಯುತ್ತಾರೆ ಅಂತ ಕಾಯುವವನು ಕಡೆಯ ಮಾತನ್ನು ಯಾಕೆ ಹೇಳಿಟ್ಟಾನು? ನಡೆದಿದ್ದ ಅಷ್ಟೆ, ಬಾಗಿಲಿನಿಂದ ಗೋಡೆಗೆ, ಗೋಡೆಯಿಂದ ಬಾಗಿಲಿಗೆ. ನೀತಾ ಕೌಂಟರಿನ ಕೆಳಗೆ ಕುಳಿತು ಬಾಯಿಗೆ ಸೆರಗೊತ್ತಿಕೊಂಡು ಅತ್ತಳು.

ಸಂಜೆ ಮನೆಯಲ್ಲಿ ಮಾಂತು ಚಹಾ ಕುಡಿಯುತ್ತಿದ್ದಾಗ ಅವಳು ಸುತ್ತುಬಳಸಲಿಲ್ಲ.

"ರೇಣು ಎರಡರ ತನಕಾ ನಡದಾನ್ರಿ. ಆ ಮಷೀನು ಹೆಜ್ಜಿ ಎಣಸ್ತದ."

ಮಾಂತು ಕಪ್ಪನ್ನು ಕೆಳಗಿಟ್ಟ. ಸಿಟ್ಟು ಮಾಡುತ್ತಾನೆ, ಸುಳ್ಳು ಅನ್ನುತ್ತಾನೆ ಎಂದು ಅವಳು ಕಾದಳು. ಹಾಗಂದಿದ್ದರೆ ಎಷ್ಟು ಚೆನ್ನಾಗಿತ್ತು! ಅವನು ಗೋಡೆ ನೋಡುತ್ತ ಕೇಳಿದ:

"ಎರಡರ ತನಕಾ?"

"ಎರಡು ದಾಟಿ ಎಂಬತ್ತೆಂಟು."

"ಬಾಗಲಾ ಬಡಿಯೂದು ಒಂದು ತಾಸಾದ ಮ್ಯಾಲ ನಿಂತಿತ್ತು," ಎಂದ ಮಾಂತು, ತನಗೇ ಹೇಳಿಕೊಳ್ಳುವವನಂತೆ. "ನಾ ಮುಗೀತು ಅಂದ್ಕೊಂಡೆ."

ಹನ್ನೊಂದು ವರ್ಷ ಜೊತೆಗಿದ್ದ ಮನುಷ್ಯ. ಬಾಗಿಲು ಬಡಿಯುವ ಸಪ್ಪಳ ಕೇಳುತ್ತ ಹೊರಗೆ ನಿಂತಿದ್ದವನು! ನೀತಾಳಿಗೆ ಅವನ ಎದುರು ಕೂರಲು ಭಯವಾಯಿತು. ಆಮೇಲೆ ಎಲ್ಲವನ್ನೂ ಅವನೇ ಹೇಳಿದ. ರೇಣು ಬಿದ್ದದ್ದನ್ನು ಅವನು ನೋಡಿಯೇ ಇರಲಿಲ್ಲ. ಗ್ಯಾಸಿನ ವಾಸನೆ ಬಂದ ಕೂಡಲೇ ಶಟರ್ ಇಳಿಸಿದ್ದ. ಗ್ಯಾಸ್ ಗೋದಾಮಿನ ಹಿಂದಿನ ಭಾಗಕ್ಕೆ ನಿಧಾನವಾಗಿ ಹೋಗಿರಬೇಕು, ಅದಕ್ಕೇ ರೇಣು ಅಷ್ಟು ಹೊತ್ತು ಬದುಕಿದ್ದ. ಹನ್ನೆರಡೂವರೆಗೆ ಪಕ್ಕದ ಕಾರ್ಖಾನೆಯವರು ಮುಖವಾಡ, ಆಮ್ಲಜನಕದ ಸಿಲಿಂಡರ್ ತಂದು ನಿಂತರು. ಮ್ಯಾನೇಜರಿಗೆ ಫೋನು ಹಚ್ಚಿದರೆ, ನಮ್ಮ ತಂಡ ಬರುವ ತನಕ ಯಾರೂ ತೆರೆಯಬೇಡಿ ಎಂದರು. ಹೊರಗಿನವರನ್ನು ತಡೆದು, ಒಳಗೆ ಯಾರೂ ಜೀವಂತ ಇಲ್ಲ ಎಂದವನು ಮಾಂತು.

"ಅಳಿಸಿಬಿಡು," ಎಂದ. "ನನಗಾಗಿ ಬ್ಯಾಡ. ಆ ಭೀಮವ್ವ, ರೇಣುನ ತಾಯಿ, ಮಗಾ ಒಂದು ಮಿನಿಟಿನ್ಯಾಗ ಹ್ವಾದ, ತ್ರಾಸ ಆಗಲಿಲ್ಲ ಅನ್ನೂ ಒಂದು ಮಾತಿನ ಮ್ಯಾಲ ಎರಡು ತುತ್ತು ಉಣ್ತಾಳ. ಅದನ್ನೂ ಕಸಗೋತಿ ಏನು?"

ಅವನು ಹೇಳಿದ್ದರಲ್ಲಿ ನಿಜವೂ ಇತ್ತು, ಅದೇ ಕಷ್ಟ. ಪೂರ್ತಿ ಸುಳ್ಳಾಗಿದ್ದರೆ ಅವಳು ಎದ್ದು ಹೋಗುತ್ತಿದ್ದಳು.

"ಕಂಪ್ಯೂಟರದಾಗ ಕಾಪಿ ಅದ ಏನು?" ಎಂದು ಮಾಂತು ಮೆಲ್ಲಗೆ ಕೇಳಿದ.

"ಇಲ್ರಿ," ಎಂದಳು ನೀತಾ. ಸುಳ್ಳು ಬಾಯಿಂದ ತಾನಾಗೇ ಹೊರಬಿತ್ತು.

"ನಾಳೆ ನಾ ಕೆಲಸಕ್ಕ ಸೂಟಿ ಹಾಕೀನಿ. ನಿನ್ನ ಜೋಡಿ ಅಂಗಡಿಗೆ ಬರ್ತೀನಿ. ನನ್ನ ಕಣ್ಣ ಮುಂದ ಅಳಿಸು."

ಶನಿವಾರ ಬೆಳಿಗ್ಗೆ ಅವನು ಅಂಗಡಿಯಲ್ಲಿ ಗಿರಾಕಿಗಳ ಸ್ಟೂಲಿನ ಮೇಲೆ ಕುಳಿತ. ಇಷ್ಟು ವರ್ಷದಲ್ಲಿ ಅವನು ಅಲ್ಲಿ ಅರ್ಧ ತಾಸು ಕುಳಿತದ್ದಿಲ್ಲ. ಅವಳ ಕೈಗಳನ್ನೇ ನೋಡುತ್ತಿದ್ದ. ನೀತಾ ಯಂತ್ರ ತೆರೆದು, ಸೆಟ್ಟಿಂಗಿನಲ್ಲಿ ಅಳಿಸುವ ಪುಟಕ್ಕೆ ಹೋದಳು. ಎಲ್ಲವೂ ಹೋಗುತ್ತದೆ, ಮತ್ತೆ ಬರುವುದಿಲ್ಲ, ಒಪ್ಪಿಗೆಯೇ, ಎಂದು ಯಂತ್ರ ಕೇಳಿತು.

"ಒತ್ತು," ಎಂದ ಮಾಂತು.

ಒತ್ತಿದರೆ ಮನೆ ಉಳಿಯುತ್ತದೆ. ಒತ್ತದಿದ್ದರೆ ಗಂಡ ಜೈಲಿಗೆ, ತಾನು ಊರವರ ಬಾಯಿಗೆ. ಒತ್ತಿಬಿಡಬೇಕು ಅಂತಲೇ ಅವಳಿಗೂ ಅನ್ನಿಸಿತು. ಅಷ್ಟರಲ್ಲಿ ಮೆಟ್ಟಿಲ ಹತ್ತಿರ ಚಪ್ಪಲಿ ಬಿಡುವ ಸದ್ದಾಯಿತು.

ಫಕೀರಪ್ಪ ಹೇಳಿದ್ದಕ್ಕಿಂತ ಒಂದು ರೈಲು ಮೊದಲೇ ಬಂದಿದ್ದ. ಬಿಳಿ ಟೋಪಿ, ತೊಳೆದ ಅಂಗಿ, ಕಂಕುಳಲ್ಲಿ ಚೀಲ. ಮಾಂತುನನ್ನು ಕಂಡು ಎರಡೂ ಕೈ ಜೋಡಿಸಿದ. "ಸಾಹೇಬ್ರ, ನೀವೂ ಬಂದೀರಿ! ನಿಮ್ಮ ಉಪಕಾರ ಮರೆಯಂಗಿಲ್ಲ." ನೀತಾ ನೀರು ಕೊಟ್ಟಳು. ಗಟಗಟ ಕುಡಿದು, ಮುದುಕ ಚೀಲದಿಂದ ಕ್ಯಾಲೆಂಡರಿನ ಒಂದು ಹಾಳೆ ತೆಗೆದು ಕೌಂಟರಿನ ಮೇಲೆ ಹರವಿದ. ಆಗಸ್ಟ್ ತಿಂಗಳದ್ದು. ಮೊದಲ ಹತ್ತು ಖಾನೆಗಳಲ್ಲಿ ಸೊಟ್ಟ ಸೊಟ್ಟ ಅಂಕಿಗಳಿದ್ದವು, ಪೆನ್ಸಿಲಿನವು.

"ಏನ್ರಿ ಕಾಕಾ ಇದು?"

"ನಮ್ಮ ಕೂಸಿಂದು, ತಂಗಿ. ದಿನಾ ಸಂಜಿಕ ಅಪ್ಪ ಬಂದ ಕೂಡ್ಲೆ ಆ ಮಷೀನ್ ತಗದು ಎಷ್ಟು ಹೆಜ್ಜಿ ನಡದೆ ಅಂತ ಹೇಳ್ತಿದ್ದ. ಅಕಿ ಬರೀತಿದ್ಲು. ಹನ್ನೊಂದನೇ ತಾರೀಕು ಖಾಲಿ ಉಳದದ ನೋಡು. ಅದೊಂದು ತುಂಬಸ್ಕೊಂಡು ಬಾ ಅಜ್ಜಾ, ಆಟ ಬ್ಯಾಡ ಅಂತ ಹಟಾ ಹಿಡದಾಳ." ಮುದುಕ ಕಿಸೆಯಿಂದ ಮೊಂಡು ಪೆನ್ಸಿಲ್ ತೆಗೆದ. "ಸಿಗ್ತದೇನು ನೋಡವಾ. ಮುಂಜಾನಿಂದು ನಾಲ್ಕು ಹೆಜ್ಜಿ ಇರಬಹುದು."

"ಹಳೇದೆಲ್ಲಾ ಅಳಿಸಿಹೋಗೇದ ಕಾಕಾ," ಎಂದ ಮಾಂತು ತಟ್ಟನೆ.

"ಅಳಿಸಿಲ್ರಿ," ಎಂದಳು ನೀತಾ.

ಅಳಿಸುವ ಪುಟ ಮುಚ್ಚಿ, ಆ ದಿನದ ಪುಟ ತೆರೆದು, ಯಂತ್ರವನ್ನು ಮುದುಕನ ಕಡೆ ತಿರುಗಿಸಿದಳು. "ಏಳು ಸಾವಿರದ ಮೂವತ್ತೊಂದು."

ಫಕೀರಪ್ಪ ನಾಲಿಗೆಯನ್ನು ತುಟಿಗೊತ್ತಿ, ನಿಧಾನವಾಗಿ ಬರೆದ. ಬರೆದು ತೃಪ್ತಿಯಿಂದ ನೋಡಿದ. ಆಮೇಲೆ ಅವನ ಕಣ್ಣು ಪರದೆಯ ಮೇಲೆ ಹೋಯಿತು.

"ಈ ಹಸರು ಕಂಬ ಏನು?"

"ತಾಸಿಗೊಂದು ಕಂಬ. ಕೆಳಗ ವ್ಯಾಳ್ಯಾ ಬರದದ."

ಮುದುಕನ ಬೆರಳು ಆರರಿಂದ ಹೊರಟಿತು. ಏಳು. ಎಂಟು. ಹನ್ನೊಂದು. ಮುಂದೆ ಹೋಗಿ, ಎತ್ತರದ ಕಂಬದ ಬುಡದಲ್ಲಿ ನಿಂತಿತು.

"ಇದು ಮಧ್ಯಾಹ್ನದ್ದು ಅದಲ್ಲ ತಂಗಿ? ಆಂವ ಹನ್ನೊಂದಕ್ಕ ಹೋಗಿದ್ನಲ್ಲ."

"ಭಾಳ ಹಳೇ ಮಷೀನ್ ಕಾಕಾ," ಮಾಂತು ಎದ್ದುನಿಂತ. "ಗಡಿಯಾರ ತಪ್ಪಿರ್ತದ. ಹೇಳು ನೀತಾ."

ಹೌದು ಅಂದರೆ ಸಾಕಿತ್ತು. ಮುದುಕ ನಂಬುತ್ತಿದ್ದ, ಸಾಹೇಬರ ಮನೆಯವರು ಹೇಳಿದ್ದನ್ನು ಯಾಕೆ ನಂಬುವುದಿಲ್ಲ? ನೀತಾ ಗಂಡನ ಮುಖ ನೋಡಿದಳು. ಪಾಪ ಅನ್ನಿಸಿತು, ಅಸಹ್ಯವೂ ಆಯಿತು.

"ಗಡಿಯಾರ ಸರಿ ಅದ, ಕಾಕಾ. ನಾ ಪರೀಕ್ಷಾ ಮಾಡೀನಿ. ಎರಡು ದಾಟೂ ತನಕಾ ನಡದಾನ."

ಫಕೀರಪ್ಪ ಬೆರಳನ್ನು ಎತ್ತರದ ಕಂಬದಿಂದ ಕಡೆಯ ಗಿಡ್ಡ ಕಂಬದ ತನಕ ಸರಿಸಿದ.

"ಅಷ್ಟು ಹೊತ್ತು ಬಾಗಲಾ ಯಾಕ ತೆಗೀಲಿಲ್ಲ ಹಂಗಾದ್ರ?"

"ತೆಗೀಬ್ಯಾಡ್ರಿ ಅಂದವರು ಇಲ್ಲೇ ಅದಾರ ಕಾಕಾ," ಎಂದಳು ನೀತಾ. "ಅವರನ್ನ ಕೇಳ್ರಿ."

ಮುದುಕ ಪೆನ್ಸಿಲನ್ನು ಕಿಸೆಗೆ ಹಾಕಿಕೊಂಡು ಮಾಂತುನ ಕಡೆ ತಿರುಗಿದ.